ಹೆಂಚಿನ ಮೇಲಿನ ಮಳೆ: ಕೊಡಗಿನಲ್ಲಿ ಪ್ರಕೃತಿಯ ಕಿರುಚಿತ್ರ ಮಾಡುವುದು ಹೇಗೆ

ಕಕ್ಕಡ ತಿಂಗಳಲ್ಲಿ ನಮ್ಮಲ್ಲಿ ಮದುವೆ ನಡೆಯುವುದಿಲ್ಲ. ಜುಲೈ ಮಧ್ಯದಿಂದ ಆಗಸ್ಟ್ ಮಧ್ಯದವರೆಗೆ ಮದುವೆ ವಿಡಿಯೋ ತೆಗೆಯುವ ನಮ್ಮಂಥವರಿಗೆ ಕೆಲಸ ಕಡಿಮೆ, ಮಳೆ ಜಾಸ್ತಿ. ಕ್ಯಾಮೆರಾ ಸುಮ್ನೆ ಕೂತಿರುತ್ತದೆ. ಮಳೆ, ಮಂಜು, ಗದ್ದೆ ನೀರು ಇವುಗಳ ಕಿರುಚಿತ್ರ ಮಾಡುವ ಹುಚ್ಚು ನನಗೆ ಹತ್ತಿದ್ದು ಈ ಬಿಡುವಿನಲ್ಲೇ. ಈಗ ವಿರಾಜಪೇಟೆ, ಗೋಣಿಕೊಪ್ಪ ಕಡೆಯ ಕಾಲೇಜು ಮಕ್ಕಳು ಹೇಗೆ ಶುರು ಮಾಡೋದು ಅಂತ ಕೇಳುತ್ತಾರೆ. ಅವರಿಗೆ ಹೇಳುವುದನ್ನೇ ಇಲ್ಲಿ ಬರೆದಿದ್ದೇನೆ. ಒಂದು ಫೋನು, ಅದನ್ನು ಅಲುಗಾಡದಂತೆ ನಿಲ್ಲಿಸಲು ಒಂದು ಸ್ಟ್ಯಾಂಡು ಇದ್ದರೆ ಸಾಕು.

ಎಲ್ಲಕ್ಕಿಂತ ಮೊದಲು ಒಂದು ಮಾತು. ಕೊಡಗನ್ನು ತೋರಿಸಲು ಹೋಗಬೇಡಿ. ರಾಜಾಸೀಟಿನ ಸೂರ್ಯಾಸ್ತ, ಅಬ್ಬಿ ಜಲಪಾತ, ಮಾಂದಲಪಟ್ಟಿಯ ಜೀಪು, ಮೇಲಿಂದ ಡ್ರೋನು, ಹಿನ್ನೆಲೆಯಲ್ಲಿ ಕೊಳಲು. ಇಂಥ ವಿಡಿಯೋಗಳಿಗೆ ಲೆಕ್ಕವೇ ಇಲ್ಲ. ನೋಡಿ ಮುಗಿದ ಮೇಲೆ ಒಂದು ಎಲೆಯೂ ನೆನಪಲ್ಲಿ ಉಳಿಯುವುದಿಲ್ಲ. ಒಂದೇ ವಸ್ತು ಹಿಡಿಯಿರಿ. ಅದಕ್ಕೊಂದು ನಿಯಮ ಹಾಕಿಕೊಳ್ಳಿ. ಆಮೇಲೆ ಕಾಯಿರಿ. ಸಿನಿಮಾ ಹುಟ್ಟಿದ ಹೊಸದರಲ್ಲಿ ಪ್ರಕೃತಿಯ ಮುಂದೆ ಕ್ಯಾಮೆರಾ ಇಟ್ಟವರು ಮಾಡಿದ್ದು ಇದನ್ನೇ. ನೂರು ವರ್ಷದ ಮೇಲೂ ಅವರ ಚಿತ್ರಗಳು ತಾಜಾ ಆಗಿವೆ.

ಮೊದಲು ನೋಡಬೇಕಾದವು

ಹೆಸರು ಹಾಕಿ ಹುಡುಕಿದರೆ ಈ ಹಳೆಯ ಚಿತ್ರಗಳಲ್ಲಿ ಬಹುಪಾಲು ಇಂಟರ್ನೆಟ್ಟಿನಲ್ಲೇ ಸಿಗುತ್ತವೆ. ದೊಡ್ಡ ಪರದೆ ಬೇಕಿಲ್ಲ. ಆದರೆ ಫೋನಿನ ಸದ್ದು ನಿಲ್ಲಿಸಿ ನೋಡಿ. ಹಳೆಯ ಮೂಕಿ ಚಿತ್ರಗಳಿಗೆ ಈಗಿನವರು ಅಂಟಿಸಿರುವ ಸಂಗೀತ ನಿಮ್ಮ ಕಣ್ಣನ್ನು ಎಳೆದುಕೊಂಡು ಹೋಗುತ್ತದೆ.

ಮೊದಲನೆಯದು 1895ರದು. ಬರ್ಟ್ ಏಕರ್ಸ್ ಎಂಬಾತ ಇಂಗ್ಲೆಂಡಿನ ಡೋವರ್ ಬಂದರಿನಲ್ಲಿ ತೆಗೆದದ್ದು. ಕಲ್ಲಿನ ಕಟ್ಟೆಗೆ ಅಲೆ ಬಂದು ಬಡಿಯುತ್ತದೆ, ನೀರು ಮೇಲಕ್ಕೆ ಚಿಮ್ಮುತ್ತದೆ. ಕಥೆ ಇಲ್ಲ, ಪಾತ್ರ ಇಲ್ಲ. 1896ರ ಏಪ್ರಿಲ್ 23ರಂದು ನ್ಯೂಯಾರ್ಕಿನಲ್ಲಿ ಪರದೆಯ ಮೇಲೆ ಚಿತ್ರ ತೋರಿಸುವ, ಎಡಿಸನ್ ಹೆಸರಿನ ವೈಟಾಸ್ಕೋಪ್ ಯಂತ್ರದ ಮೊದಲ ಸಾರ್ವಜನಿಕ ಪ್ರದರ್ಶನ ನಡೆಯಿತು. ಕುಣಿತ, ಬಾಕ್ಸಿಂಗ್ ಎಲ್ಲ ಇದ್ದವು. ಅವುಗಳ ನಡುವೆ ಜನರನ್ನು ಬೆಚ್ಚಿಬೀಳಿಸಿದ್ದು ಈ ಅಲೆ. ಅದೇ ವರ್ಷ ಜುಲೈ 7ರಂದು ಫ್ರಾನ್ಸಿನ ಲೂಮಿಯೇರ್ ಸೋದರರ ಚಿತ್ರಗಳು ಮುಂಬೈನ ವಾಟ್ಸನ್ ಹೋಟೆಲಿಗೆ ಬಂದವು. ನಮ್ಮ ದೇಶದವರು ಮೊದಲ ಸಲ ನೋಡಿದ ಸಿನಿಮಾಗಳಲ್ಲಿ ಸಮುದ್ರಸ್ನಾನದ ಒಂದು ತುಣುಕೂ ಇತ್ತು. ಲೂಮಿಯೇರ್ ಕ್ಯಾಮೆರಾದಲ್ಲಿ ಹಿಡಿಸುತ್ತಿದ್ದ ಫಿಲ್ಮು ಸುಮಾರು 17 ಮೀಟರ್. ತಿರುಗಿಸಿದರೆ 50 ಸೆಕೆಂಡಿನಷ್ಟು ಬರುತ್ತಿತ್ತು. ಅಷ್ಟರೊಳಗೆ ಏನಾಗುತ್ತದೋ ಅದೇ ಚಿತ್ರ. ಈ 50 ಸೆಕೆಂಡು ನೆನಪಿಟ್ಟುಕೊಳ್ಳಿ, ಆಮೇಲೆ ಬೇಕಾಗುತ್ತದೆ.

ಇನ್ನೊಂದು ನಮ್ಮವರದೇ. ದಾದಾಸಾಹೇಬ್ ಫಾಲ್ಕೆ 1912ರಲ್ಲಿ ಲಂಡನ್ನಿಗೆ ಹೋಗಿ ಸಿನಿಮಾ ಕೆಲಸ ಕಲಿತು, ಕ್ಯಾಮೆರಾ ಕೊಂಡು ಬಂದರು. ದುಡ್ಡು ಹಾಕುವವರು ಬೇಕಿತ್ತು. ಬಾಯಲ್ಲಿ ಹೇಳಿದರೆ ಯಾರು ನಂಬುತ್ತಾರೆ? ಅವರು ಒಂದು ಕುಂಡದಲ್ಲಿ ಬಟಾಣಿ ಬಿತ್ತಿದರು, ಎದುರಿಗೆ ಕ್ಯಾಮೆರಾ ಇಟ್ಟರು, ಒಂದು ತಿಂಗಳಿಗೂ ಹೆಚ್ಚು ಕಾಲ ಬಿಡಿಬಿಡಿಯಾಗಿ ಫ್ರೇಮು ತೆಗೆದರು. ಪರದೆಯ ಮೇಲೆ ಒಂದು ನಿಮಿಷದಷ್ಟರಲ್ಲಿ ಕಾಳು ಒಡೆದು ಬಳ್ಳಿಯಾಯಿತು. ಅದನ್ನು ತೋರಿಸಿಯೇ ಹಣ ಹೊಂದಿಸಿದರು. 1913ರ ರಾಜಾ ಹರಿಶ್ಚಂದ್ರ ಬಂದದ್ದು ಆಮೇಲೆ. ಭಾರತದ ಕಥಾಚಿತ್ರದ ಬೇರಿನಲ್ಲಿ ಒಂದು ಬಟಾಣಿ ಕಾಳಿದೆ ಎನ್ನುವುದು ನನಗೆ ತುಂಬಾ ಖುಷಿ ಕೊಡುವ ಸಂಗತಿ.

ಫಾಲ್ಕೆಗಿಂತ ಎರಡು ವರ್ಷ ಮೊದಲು, 1910ರಲ್ಲಿ, ಲಂಡನ್ನಿನ ಪರ್ಸಿ ಸ್ಮಿತ್ ಹೂ ಅರಳುವುದನ್ನು ಇದೇ ರೀತಿ ತೆಗೆದಿದ್ದರು. ಚಿತ್ರದ ಹೆಸರು ದಿ ಬರ್ತ್ ಆಫ್ ಎ ಫ್ಲವರ್. ಅವರು ಶಿಕ್ಷಣ ಇಲಾಖೆಯಲ್ಲಿ ಗುಮಾಸ್ತರಾಗಿದ್ದವರು. ಪ್ರಯೋಗಶಾಲೆ ಎಂದರೆ ಸ್ವಂತ ಮನೆ. ರಾತ್ರಿ ಯಂತ್ರ ಕೈಕೊಟ್ಟರೆ ತಮ್ಮನ್ನು ಎಬ್ಬಿಸಲು ಗಂಟೆಗಳನ್ನು ಕಟ್ಟಿಕೊಂಡಿದ್ದರು.

1929ರಲ್ಲಿ ಎರಡು ಚಿತ್ರ ಬಂದವು. ಎರಡೂ ನೀರಿನವು, ಎರಡೂ ಹತ್ತು ಹನ್ನೆರಡು ನಿಮಿಷದ ಆಸುಪಾಸಿನವು. ಹಾಲೆಂಡಿನ ಯೋರಿಸ್ ಈವನ್ಸ್ ಮತ್ತು ಮಾನುಸ್ ಫ್ರಾಂಕೆನ್ ಸೇರಿ ಮಾಡಿದ ರೆಗನ್, ಆಮ್‌ಸ್ಟರ್‌ಡಾಮ್ ಊರಿಗೆ ಮಳೆ ಬಂದು ಹೋಗುವುದನ್ನು ತೋರಿಸುತ್ತದೆ. ಬಿಸಿಲು, ಗಾಳಿ, ಕಾಲುವೆಯಲ್ಲಿ ಮೊದಲ ಹನಿ, ಕೊಡೆಗಳು, ಟ್ರಾಮಿನ ಗಾಜು, ಮತ್ತೆ ಬಿಸಿಲು. ನೋಡಿದರೆ ಒಂದೇ ಮಳೆ ಅನಿಸುತ್ತದೆ. ಆದರೆ ಅದು ತಿಂಗಳುಗಟ್ಟಲೆ ಬೇರೆ ಬೇರೆ ಮಳೆಯಲ್ಲಿ ತೆಗೆದು ಜೋಡಿಸಿದ್ದು. ಅಮೆರಿಕದ ರಾಲ್ಫ್ ಸ್ಟೈನರ್ ಅವರ ಎಚ್ ಟು ಓ ಬೇರೆಯದೇ ದಾರಿ ಹಿಡಿಯುತ್ತದೆ. ಹರಿಯುವ, ಬೀಳುವ ನೀರಿನಿಂದ ಶುರುವಾಗಿ ಹತ್ತಿರ ಹತ್ತಿರ ಹೋಗುತ್ತದೆ. ಕೊನೆಕೊನೆಗೆ ಬರೀ ಬೆಳಕಿನ ಗೆರೆಗಳು. ನೀರು ಅನ್ನುವುದೇ ಮರೆತುಹೋಗುತ್ತದೆ.

ಎರಡನೇ ಸಲ ನೋಡುವಾಗ ಕೈಯಲ್ಲಿ ಪೆನ್ನು ಹಿಡಿಯಿರಿ. ಒಂದೊಂದು ಶಾಟ್ ಎಷ್ಟು ಸೆಕೆಂಡು ನಿಲ್ಲುತ್ತದೆ, ಎಲ್ಲಿ ಕತ್ತರಿಸಿದ್ದಾರೆ, ಶಾಟಿನೊಳಗೆ ಏನು ಬದಲಾಯಿತು ಅಂತ ಬರೆಯಿರಿ. ಇದೊಂದು ಕೆಲಸ ಮಾಡಿದವರಿಗೆ ಅರ್ಧ ಪಾಠ ಆದ ಹಾಗೆ.

ಮೊದಲ ಚಿತ್ರ: ಹೆಂಚು

ಯಾರೇ ಬಂದರೂ ನಾನು ಮೊದಲು ಮಾಡಿಸುವುದು ಮಾಡಿನ, ಅಂದರೆ ಮನೆ ಸೂರಿನ, ಮಳೆ. ಮಂಗಳೂರು ಹೆಂಚಿನ ಮನೆ ಇದ್ದರೆ ಚೆನ್ನ. ಐನ್‌ಮನೆಯ (ಕೊಡವರ ಹಿರಿಯರ ಮನೆ) ಕೈಯಾಲೆಯಲ್ಲಿ, ಅಂದರೆ ಜಗಲಿಯಲ್ಲಿ ಕೂತು ತೆಗೆಯುವ ಭಾಗ್ಯ ಇದ್ದರಂತೂ ಇನ್ನೂ ಚೆನ್ನ. ಶೀಟಿನ ಮನೆಯಾದರೂ ಪರವಾಗಿಲ್ಲ.

ಹೆಂಚನ್ನು ಹತ್ತಿರದಿಂದ ನೋಡಿ. ಮಳೆಗೆ ಮುಂಚೆ ಅದು ಬಿಸಿಯಾಗಿ, ಒಣಗಿ, ಮಾಸಲು ಕೆಂಪಾಗಿರುತ್ತದೆ. ಮೊದಲ ಹನಿ ಬಿದ್ದಾಗ ಒಂದು ಕಪ್ಪು ಚುಕ್ಕೆ ಮೂಡುತ್ತದೆ. ಹೆಂಚು ಅದನ್ನು ಕುಡಿದುಬಿಡುತ್ತದೆ, ಚುಕ್ಕೆ ಮಾಯ. ಇನ್ನೊಂದು, ಮತ್ತೊಂದು. ಸ್ವಲ್ಪ ಹೊತ್ತಿಗೆ ಚುಕ್ಕೆಗಳು ಅಳಿಯುವುದು ನಿಲ್ಲುತ್ತದೆ, ಒಂದಕ್ಕೊಂದು ಸೇರಿಕೊಳ್ಳುತ್ತವೆ. ಇಡೀ ಹೆಂಚು ಕಡುಗೆಂಪಾಗಿ ಹೊಳೆಯಲು ಶುರುವಾಗುತ್ತದೆ. ಇಷ್ಟಾದರೂ ಅಂಚಿನಿಂದ ಒಂದು ಹನಿ ಬಿದ್ದಿರುವುದಿಲ್ಲ. ಆಮೇಲೆ ಒಂದು ಹೆಂಚಿನ ಮೂತಿಯಲ್ಲಿ ನೀರು ಗುಂಡಗೆ ಕೂಡುತ್ತದೆ, ಉದ್ದವಾಗುತ್ತದೆ, ಕಳಚುತ್ತದೆ. ಮಳೆ ಜೋರಾದಾಗ ಹನಿಗಳು ದಾರಗಳಾಗುತ್ತವೆ. ಗಾಳಿ ಬಂದರೆ ಆ ದಾರಗಳೆಲ್ಲ ಒಟ್ಟಿಗೆ ವಾಲುತ್ತವೆ. ಕೆಳಗೆ ಅಂಗಳದಲ್ಲಿ ಹೆಂಚಿನ ಲೆಕ್ಕಕ್ಕೆ ಸರಿಯಾಗಿ ಕುಳಿಗಳ ಸಾಲು.

ನಿಮ್ಮ ಚಿತ್ರಕಥೆ ಇದೇ. ಒಣ ಹೆಂಚು, ಚುಕ್ಕೆ, ಹೊಳಪು, ಮೊದಲ ಹನಿ, ದಾರ, ಕುಳಿ. ಮಳೆ ನಿಂತ ಮೇಲೆ ಹನಿಗಳ ನಡುವಿನ ಅಂತರ ಹೆಚ್ಚುತ್ತಾ ಹೋಗುವುದು ಕೊನೆ. ಒಂದೊಂದು ಶಾಟೂ 50 ಸೆಕೆಂಡು. ಕ್ಯಾಮೆರಾ ಅಲುಗಾಡಬಾರದು, ಝೂಮ್ ಮಾಡಬಾರದು. ಈ ನಿಯಮ ಮುರಿಯಬೇಡಿ. 20 ಸೆಕೆಂಡು ಆದ ಮೇಲೆ ಸಾಕು ಅನಿಸುತ್ತದೆ. ಉಳಿದ 30 ಸೆಕೆಂಡಿನಲ್ಲೇ ಏನೋ ಒಂದು ಆಗುತ್ತದೆ. ಒಂದು ಜೇಡ ನೂಲಿನಲ್ಲಿ ಇಳಿಯುತ್ತದೆ, ಗಾಳಿಯ ದಿಕ್ಕು ತಿರುಗುತ್ತದೆ, ಮೋಡ ಸರಿದು ಬೆಳಕು ಬರುತ್ತದೆ.

ಸೆಟ್ಟಿಂಗ್ ವಿಷಯ. ಪರದೆಯನ್ನು ಒತ್ತಿ ಹಿಡಿದರೆ ಬಹುತೇಕ ಫೋನುಗಳಲ್ಲಿ ಫೋಕಸ್ ಮತ್ತು ಬೆಳಕು ಎರಡೂ ಲಾಕ್ ಆಗುತ್ತವೆ. ಲಾಕ್ ಮಾಡದಿದ್ದರೆ ಪ್ರತಿ ಹನಿಗೂ ಫೋನು ಫೋಕಸ್ ಹುಡುಕಿಕೊಂಡು ಓಡುತ್ತದೆ. ಶಟರ್ ವೇಗವನ್ನು ಕೈಯಿಂದ ಬದಲಿಸುವ ಆ್ಯಪ್ ಹಾಕಿಕೊಳ್ಳಿ. ಸೆಕೆಂಡಿನ 50ನೇ ಒಂದು ಭಾಗ ಇಟ್ಟರೆ ಮಳೆ ಗೆರೆಯಾಗಿ ಕಾಣುತ್ತದೆ. 1000ನೇ ಒಂದು ಭಾಗ ಇಟ್ಟರೆ ಹನಿಹನಿಯಾಗಿ ಬಿಡಿಸಿಕೊಳ್ಳುತ್ತದೆ. ಆದರೆ ಕಕ್ಕಡದ ಬೆಳಕು ಮಂದ. ಅಷ್ಟು ವೇಗ ಇಟ್ಟರೆ ಚಿತ್ರದಲ್ಲಿ ಕಾಳು ಕಾಳು ಬರುತ್ತದೆ. ನನಗೆ ಗೆರೆಯೇ ಇಷ್ಟ. ನಮ್ಮ ಮಳೆ ಕಣ್ಣಿಗೂ ಹಾಗೇ ಕಾಣುತ್ತದೆ.

ಬರೀ ಕಣ್ಣಿಗೆ ಧೋ ಎಂದು ಸುರಿಯುವ ಮಳೆ ಫೋನಿನಲ್ಲಿ ನೋಡಿದರೆ ಮಾಯವಾಗಿರುತ್ತದೆ, ಗಮನಿಸಿದ್ದೀರಾ? ಹಿಂದೆ ಬಿಳಿ ಆಕಾಶ ಇದ್ದರೆ ಮಳೆ ಕಾಣುವುದಿಲ್ಲ. ಹಿಂದೆ ಕಪ್ಪು ಬೇಕು, ಬೆಳಕು ಎದುರಿನಿಂದ ಅಥವಾ ಓರೆಯಾಗಿ ಬರಬೇಕು. ಕಾಫಿ ಗಿಡಗಳ ಕಡುಹಸಿರು, ಕೊಟ್ಟಿಗೆ ಬಾಗಿಲಿನ ಕತ್ತಲು, ಹಾಲುವಾಣ ಮರದ ಒದ್ದೆ ಕಾಂಡ, ಇವೆಲ್ಲ ಒಳ್ಳೆಯ ಹಿನ್ನೆಲೆ. ಸಂಜೆ ಪಡುವಣದಲ್ಲಿ ಮೋಡ ಸ್ವಲ್ಪ ಬಿರಿದು ಬಿಸಿಲು ಮಳೆ ಬಂದರೆ ಬಿಟ್ಟುಕೊಡಬೇಡಿ. ಆಗ ಒಂದೊಂದು ಗೆರೆಯೂ ಬೆಳ್ಳಿಯಾಗುತ್ತದೆ.

ಈವನ್ಸ್ ಅವರಿಂದ ಕಲಿಯುವ ಇನ್ನೊಂದು ಉಪಾಯ ಇದೆ. ಅವರು ಮಳೆಗೋಟು ಮತ್ತು ಕ್ಯಾಮೆರಾ ಇಲ್ಲದೆ ಮನೆ ಬಿಟ್ಟು ಹೊರಡುತ್ತಿರಲಿಲ್ಲ. ಊರಿನ ಬೇರೆ ಬೇರೆ ಕಡೆ ಗೆಳೆಯರನ್ನು ಕಾವಲಿಗೆ ಇಟ್ಟಿದ್ದರು. ತಮಗೆ ಬೇಕಾದ ಬಗೆಯ ಮಳೆ ಬಂದ ಕೂಡಲೇ ಅವರು ಫೋನ್ ಮಾಡಬೇಕಿತ್ತು. ನಮಗೆ ಇದು ಇನ್ನೂ ಸುಲಭ ಅಲ್ವಾ? ಭಾಗಮಂಡಲದಲ್ಲಿ ಸುರಿಯುವಾಗ ಕುಶಾಲನಗರದಲ್ಲಿ ಬಿಸಿಲಿರಬಹುದು. ನಾಪೋಕ್ಲು, ಸೋಮವಾರಪೇಟೆ, ಶ್ರೀಮಂಗಲ ಕಡೆಯ ನೆಂಟರನ್ನು, ಗೆಳೆಯರನ್ನು ಸೇರಿಸಿ ಒಂದು ವಾಟ್ಸಾಪ್ ಗುಂಪು ಮಾಡಿಕೊಳ್ಳಿ. ತೋಟದವರು ಹೇಗೂ ದಿನಾ ಬೆಳಿಗ್ಗೆ ಎಷ್ಟು ಇಂಚು, ಎಷ್ಟು ಸೆಂಟು (ಇಂಚಿನ ನೂರನೇ ಒಂದು ಭಾಗ) ಅಂತ ಮಳೆ ಅಳೆಯುತ್ತಾರೆ. ಆ ಲೆಕ್ಕದ ಜೊತೆಗೆ ಮಳೆಯ ಬಗೆಯನ್ನೂ ಕೇಳಿ. ಜಿಟಿಜಿಟಿಯೋ, ಗಾಳಿಮಳೆಯೋ, ಮಂಜಿನ ಜೊತೆ ಬರುವ ತುಂತುರೋ. ಆರಿದ್ರಾ ಮಳೆಗೂ ಆಶ್ಲೇಷ ಮಳೆಗೂ ಇರುವ ವ್ಯತ್ಯಾಸ ನಮ್ಮ ಹಿರಿಯರಿಗೆ ಗೊತ್ತು. ಅವರನ್ನು ಕೇಳದೆ ಮಳೆಯ ಚಿತ್ರ ಮಾಡಬೇಡಿ.

ಕ್ಯಾಮೆರಾ ಕಾಪಾಡಿಕೊಳ್ಳುವುದು. ಹನಿಗಿಂತ ದೊಡ್ಡ ಶತ್ರು ತೇವ. ಮಳೆಗಾಲ ಪೂರ್ತಿ ಬ್ಯಾಗಿನಲ್ಲೇ ಇಟ್ಟ ಲೆನ್ಸಿನೊಳಗೆ ಬೂಸ್ಟು ಬಲೆ ಕಟ್ಟುತ್ತದೆ. ಮುಚ್ಚಳ ಬಿಗಿಯಾಗಿ ಕೂರುವ ಪ್ಲಾಸ್ಟಿಕ್ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣಗಳ ಜೊತೆ ಇಡಿ. ಪೊಟ್ಟಣ ಬಣ್ಣ ಬದಲಿಸಿದರೆ ಬಿಸಿ ಮಾಡಿ ಒಣಗಿಸಿ. ಬೆಚ್ಚಗಿರುತ್ತದೆ ಅಂತ ಒಲೆಯ ಮೇಲಿನ ಅಟ್ಟದಲ್ಲಿ ಇಡಬೇಡಿ, ಹೊಗೆ ಹಿಡಿಯುತ್ತದೆ. ಹೊರಗೆ ನಿಂತು ತೆಗೆಯುವಾಗ ಒಂದು ದೊಡ್ಡ ಕೊಡೆ, ಒಬ್ಬ ಗೆಳೆಯ, ಜೇಬಲ್ಲಿ ಒಣ ಹತ್ತಿ ಬಟ್ಟೆ. ಕರೆಂಟ್ ಹೋದರೆ ಎರಡು ದಿನ ಬರದೇ ಇರಬಹುದು. ಪವರ್ ಬ್ಯಾಂಕ್ ತುಂಬಿಸಿಟ್ಟಿರಿ.

ಕಾಫಿ ಹೂವು, ಕಾಫಿ ಮೊಳಕೆ

ಮಳೆಗಾಲ ಮುಗಿದ ಮೇಲೆ ಫಾಲ್ಕೆ ಮತ್ತು ಸ್ಮಿತ್ ದಾರಿ ಹಿಡಿಯಬಹುದು. ಫೆಬ್ರವರಿ, ಮಾರ್ಚಿನಲ್ಲಿ ಹೂಮಳೆ ಬಿದ್ದ ಮೇಲೆ, ಅಥವಾ ಸ್ಪ್ರಿಂಕ್ಲರಿನಲ್ಲಿ ನೀರು ಕೊಟ್ಟ ಮೇಲೆ, ಒಂದು ವಾರ ಹತ್ತು ದಿನದಲ್ಲಿ ಕಾಫಿ ಅರಳುತ್ತದೆ. ಗೆಣ್ಣುಗಳಲ್ಲಿ ಗುಂಪಾಗಿ ಕೂತ ಹಸಿರು ಮೊಗ್ಗು ಉಬ್ಬಿ, ಬಿಳಿಯಾಗಿ, ಮೇಣದಬತ್ತಿಯಂತೆ ನೆಟ್ಟಗೆ ನಿಲ್ಲುತ್ತದೆ. ಆ ಹಂತ ಕಂಡ ದಿನ ಸಂಜೆಯೇ ಕ್ಯಾಮೆರಾ ಕಟ್ಟಬೇಕು. ಅರಳಿದ ಮೇಲೆ ಎರಡು ಮೂರು ದಿನಕ್ಕೆ ಹೂವು ಬಾಡಿ ಕಂದಾಗುತ್ತದೆ.

ಲೆಕ್ಕ ಹೀಗೆ. ಸಂಜೆ 6ಕ್ಕೆ ಶುರು, ಮರುದಿನ ಬೆಳಿಗ್ಗೆ 10ಕ್ಕೆ ಮುಗಿತಾಯ. ಒಟ್ಟು 16 ಗಂಟೆ. 20 ಸೆಕೆಂಡಿಗೆ ಒಂದು ಫೋಟೋ ಅಂದರೆ ಗಂಟೆಗೆ 180, ಒಟ್ಟು 2880. ಸೆಕೆಂಡಿಗೆ 24 ಫ್ರೇಮಿನಂತೆ ಓಡಿಸಿದರೆ ಸರಿಯಾಗಿ ಎರಡು ನಿಮಿಷ. ಮನೆ ಅಂಗಳಕ್ಕೆ ಹತ್ತಿರದ ಗಿಡ ಆರಿಸಿ. ಕೊಂಬೆಯನ್ನು ಎರಡು ಕಡೆ ಗೂಟಕ್ಕೆ ಕಟ್ಟಿ, ಇಲ್ಲದಿದ್ದರೆ ಗಾಳಿಗೆ ಕುಣಿಯುತ್ತದೆ. ರಾತ್ರಿಗೆ ಒಂದು ಸಣ್ಣ ಎಲ್‌ಇಡಿ ದೀಪ ಬೇಕು, ಅದನ್ನು ಬೆಳಗಿನವರೆಗೆ ಕದಲಿಸಬಾರದು. ಮೇಲೊಂದು ಕೊಡೆ ಕಟ್ಟಿ, ಇಬ್ಬನಿ ಲೆನ್ಸಿಗೆ ಕೂರದಿರಲಿ. ಬೆಳಿಗ್ಗೆ ಜೇನ್ನೊಣಗಳು ಬರುತ್ತವೆ. 20 ಸೆಕೆಂಡಿಗೆ ಒಂದು ಫೋಟೋ ಆದ್ದರಿಂದ ಅವು ಒಂದೊಂದು ಫ್ರೇಮಿಗೆ ಮಿಂಚಿ ಮಾಯವಾಗುತ್ತವೆ. ಅವನ್ನು ತೆಗೆದುಹಾಕಬೇಡಿ. ನನ್ನ ಮಟ್ಟಿಗೆ ಆ ಎರಡು ನಿಮಿಷದಲ್ಲಿ ಅದೇ ಚಂದದ ಭಾಗ.

ತಾಳ್ಮೆ ಜಾಸ್ತಿ ಇರುವವರಿಗೆ ಮೊಳಕೆ. ಕಾಫಿ ಬೀಜ ಮೇಲೆದ್ದು, ಚಿಪ್ಪನ್ನು ತಲೆ ಮೇಲೆ ಹೊತ್ತು ನಿಲ್ಲಲು ಸುಮಾರು 45 ದಿನ ಬೇಕು. ನರ್ಸರಿಯವರು ಇದನ್ನು ಟೋಪಿ ಹಂತ ಅನ್ನುತ್ತಾರೆ. ಆಮೇಲೆ ಟೋಪಿ ಬಿದ್ದು ಎರಡು ದುಂಡು ಎಲೆ ಬಿಚ್ಚಿಕೊಳ್ಳುತ್ತವೆ, ಅದು ಬಟರ್‌ಫ್ಲೈ. ಗಂಟೆಗೊಂದು ಫೋಟೋ, 60 ದಿನ. 1440 ಫೋಟೋ ಆಗುತ್ತದೆ, ಅಂದರೆ ಒಂದು ನಿಮಿಷ. ಫಾಲ್ಕೆಯ ಬಟಾಣಿಯೂ ಸುಮಾರು ಅಷ್ಟೇ ಇತ್ತು. ಹಳೆಯ ಫೋನು ಒಂದು ಮೂಲೆಯಲ್ಲಿ ಬಿದ್ದಿದ್ದರೆ ಅದನ್ನು ಈ ಕೆಲಸಕ್ಕೆ ಬಿಟ್ಟುಬಿಡಿ. ಕಿಟಕಿಯ ಬೆಳಕು ಬೀಳದ ಕೋಣೆ, ಯಾರೂ ಮುಟ್ಟದ ಮೇಜು, ಒಂದೇ ದೀಪ. ನೀರು ಹಾಕುವಾಗ ಕುಂಡ ಅಲುಗಾಡಬಾರದು.

ಗದ್ದೆ ನೀರು ಮತ್ತು ಮಂಜು

ನಾಟಿಗೆ ಮುಂಚೆ ಗದ್ದೆ ಉತ್ತು ನೀರು ಕಟ್ಟಿರುತ್ತಾರೆ. ಸ್ಟೈನರ್ ಮಾಡಿದ್ದನ್ನು ಇಲ್ಲಿ ಮಾಡಬಹುದು. ಎರಡು ಮಳೆಯ ನಡುವೆ ಗಾಳಿ ನಿಂತ ಹೊತ್ತು ನೋಡಿ. ಬದುವಿನ ಮೇಲೆ ತಗ್ಗಾಗಿ ಕೂತು, ಫೋನಿನ ದೂರದ ಲೆನ್ಸ್ ಹಾಕಿ, ಅಡಿಕೆ ಮರದ ಪ್ರತಿಬಿಂಬ ಬಿದ್ದ ಜಾಗವನ್ನಷ್ಟೇ ಫ್ರೇಮಿಗೆ ತನ್ನಿ. ದಡ ಕಾಣಬಾರದು, ಆಕಾಶ ಕಾಣಬಾರದು. ಪೋಲರೈಸರ್ ಫಿಲ್ಟರ್ ಇದ್ದರೆ ತೆಗೆದಿಡಿ, ಅದು ಪ್ರತಿಬಿಂಬವನ್ನೇ ನುಂಗುತ್ತದೆ. ಕಪ್ಪೆ ಹಾರಿದರೆ ಅಡಿಕೆ ಮರ ಬಳೆಬಳೆಯಾಗಿ ಒಡೆದು ಮತ್ತೆ ಕೂಡಿಕೊಳ್ಳುತ್ತದೆ. ಕಪ್ಪುಬಿಳುಪಿಗೆ ಬದಲಿಸಿ ನೋಡಿ. ಹಸಿರು ಹೋದ ಮೇಲೆ ಆಕಾರ ಮಾತ್ರ ಉಳಿಯುತ್ತದೆ.

ಮಂಜಿನ ವಿಷಯಕ್ಕೆ ಬಂದರೆ, 1970ರಲ್ಲಿ ಅಮೆರಿಕದ ಲ್ಯಾರಿ ಗಾಟ್‌ಹೈಮ್ ಮಾಡಿದ ಫಾಗ್ ಲೈನ್ ಅನ್ನು ಮೊದಲು ನೋಡಿ. 11 ನಿಮಿಷ, ಒಂದೇ ಶಾಟ್, ಸದ್ದೇ ಇಲ್ಲ. ಬಿಳಿ ಮಂಜು ನಿಧಾನ ತೆಳುವಾಗುತ್ತಾ ಮರಗಳು, ಅಡ್ಡ ಹಾದ ತಂತಿಗಳು ಕಾಣಿಸಿಕೊಳ್ಳುತ್ತವೆ. ಕೆಳಗಡೆ ಕುದುರೆಗಳು ಹಾದು ಹೋಗುತ್ತವೆ, ಎಷ್ಟೋ ಜನ ಗಮನಿಸುವುದೇ ಇಲ್ಲ. ನಮಗೆ ಇಂಥ ಬೆಳಗು ತುಲಾ ತಿಂಗಳಿನಿಂದ (ಅಕ್ಟೋಬರ್ ಮಧ್ಯದಿಂದ) ಆಚೆಗೆ ಬೇಕಾದಷ್ಟು ಸಿಗುತ್ತವೆ. ಜಾಗ ಆರಿಸುವುದೇ ಇಲ್ಲಿ ಮುಖ್ಯ. ಹಿಂದಿನ ದಿನ ಮಧ್ಯಾಹ್ನ, ಮಂಜಿಲ್ಲದಾಗ ಹೋಗಿ ಫ್ರೇಮು ನೋಡಿಡಿ. ಹತ್ತಿರಕ್ಕೆ ಒಂದು ಬೇಲಿ, ಮಧ್ಯಕ್ಕೆ ಸಿಲ್ವರ್ ಓಕ್ ಸಾಲು, ದೂರಕ್ಕೆ ಬೆಟ್ಟ, ಹೀಗೆ ಒಂದರ ಹಿಂದೆ ಒಂದು ಇದ್ದರೆ ಮಂಜು ಒಂದೊಂದನ್ನೇ ಬಿಟ್ಟುಕೊಡುತ್ತದೆ. ವಿದ್ಯುತ್ ತಂತಿ ಅಡ್ಡ ಬಂತು ಅಂತ ಜಾಗ ಬದಲಿಸಬೇಡಿ. ಫೋಕಸನ್ನು ಬೇಲಿಯ ಮೇಲೆ ಲಾಕ್ ಮಾಡಿ. ಫೋನು ಮಂಜನ್ನು ಬೂದಿ ಬಣ್ಣಕ್ಕೆ ಇಳಿಸುತ್ತದೆ, ಬೆಳಕನ್ನು ಸ್ವಲ್ಪ ಮೇಲೇರಿಸಿ. ಲೆನ್ಸು ಒರೆಸುವುದಿದ್ದರೆ ರೆಕಾರ್ಡ್ ಒತ್ತುವ ಮೊದಲೇ ಒರೆಸಿ.

ನಿಯಮ ಎಂದರೆ ಏನು ಅಂತ ಇನ್ನೂ ಅನುಮಾನ ಇರುವವರು ಕ್ರಿಸ್ ವೆಲ್ಸ್‌ಬಿ ಅವರ ಸೆವೆನ್ ಡೇಸ್ ನೋಡಬೇಕು. 1974ರದು, ವೇಲ್ಸ್‌ನ ಒಂದು ಬೆಟ್ಟದ ಪಕ್ಕದಲ್ಲಿ ತೆಗೆದದ್ದು. ಏಳು ದಿನ, ಹಗಲು ಪೂರ್ತಿ, 10 ಸೆಕೆಂಡಿಗೆ ಒಂದು ಫ್ರೇಮ್. ಕ್ಯಾಮೆರಾವನ್ನು ಭೂಮಿ ತಿರುಗುವ ವೇಗಕ್ಕೆ ತಿರುಗುವ ಸ್ಟ್ಯಾಂಡಿನ ಮೇಲೆ ಇಟ್ಟಿದ್ದರು. ಬಿಸಿಲು ಇದ್ದರೆ ಕ್ಯಾಮೆರಾ ತನ್ನದೇ ನೆರಳಿನ ಕಡೆ, ಮೋಡ ಮುಚ್ಚಿದರೆ ಸೂರ್ಯನ ಕಡೆ. ಚಿತ್ರ 20 ನಿಮಿಷದ್ದು. ಎಲ್ಲಿಗೆ ಕತ್ತರಿಸಬೇಕು ಅಂತ ಹೇಳಿದ್ದು ಮೋಡ. ಕೊಡಗಿನಲ್ಲಿ ನೀವೂ ಇಂಥದ್ದೊಂದು ನಿಯಮ ಕಟ್ಟಿಕೊಳ್ಳಬಹುದು. ಮಳೆ ಬರುತ್ತಿದ್ದಾಗ ನೆಲದ ಕಡೆ, ನಿಂತಾಗ ಮರದ ತುದಿಯ ಕಡೆ. ದಿನಪೂರ್ತಿ ಇಷ್ಟೇ ಮಾಡಿ. ಏನು ಬರುತ್ತದೆ ಅಂತ ನನಗೂ ಹೇಳಲಾಗದು, ನಿಮಗೂ ಹೇಳಲಾಗದು. ಅದಕ್ಕೇ ಇದನ್ನು ಪ್ರಯೋಗ ಅನ್ನುವುದು.

ಕ್ಯಾಮೆರಾನೇ ಬೇಡ ಅನ್ನುವವರೂ ಇದ್ದರು. ಸ್ಟ್ಯಾನ್ ಬ್ರಾಕೇಜ್ 1963ರಲ್ಲಿ ಸತ್ತ ಪತಂಗಗಳ ರೆಕ್ಕೆ, ಎಸಳು, ಹುಲ್ಲು ಇವನ್ನು ಎರಡು ಪಾರದರ್ಶಕ ಟೇಪಿನ ನಡುವೆ ಅಂಟಿಸಿ ಮಾತ್‌ಲೈಟ್ ಮಾಡಿದರು. ಮನೆಯಲ್ಲಿ ಮಕ್ಕಳಿದ್ದರೆ ಇದು ಒಳ್ಳೆಯ ಕೆಲಸ. ದೀಪದ ಕೆಳಗೆ ಬಿದ್ದ ರೆಕ್ಕೆ, ಜರಿಗಿಡದ ಎಲೆ, ಉದುರಿದ ಕಾಫಿ ಎಸಳು ಕೂಡಿಸಿ. ಉದ್ದ ಟೇಪಿಗೆ ಅಂಟಿಸಿ. ಬಿಳಿ ಪರದೆ ಬೆಳಗಿಸಿದ ಲ್ಯಾಪ್‌ಟಾಪಿನ ಮೇಲೆ ಇಟ್ಟು ಸ್ವಲ್ಪ ಸ್ವಲ್ಪವೇ ಸರಿಸುತ್ತಾ ಫೋಟೋ ತೆಗೆಯಿರಿ.

ಜೋಡಿಸುವಾಗ

ಮಳೆಯ ಕ್ರಮವೇ ಚಿತ್ರದ ಕ್ರಮ. ಬೇರೆ ಬೇರೆ ದಿನದ ಶಾಟುಗಳನ್ನು ಈವನ್ಸ್ ಹಾಗೆ ಒಂದೇ ಮಳೆಯಾಗಿ ಜೋಡಿಸಬಹುದು, ತಪ್ಪೇನಿಲ್ಲ. ಆದರೆ ಬೆಳಕು ಒಪ್ಪಬೇಕು. ಬೆಳಿಗ್ಗೆಯ ಹೆಂಚು, ಸಂಜೆಯ ಹನಿ ಪಕ್ಕಪಕ್ಕ ಬಂದರೆ ಕಣ್ಣು ಹಿಡಿದುಬಿಡುತ್ತದೆ. ಫೇಡ್, ಸ್ಲೋ ಮೋಷನ್, ಬಣ್ಣದ ಫಿಲ್ಟರ್ ಹಾಕಬೇಡಿ. ಮದುವೆ ವಿಡಿಯೋದಲ್ಲಿ ಇವೆಲ್ಲ ನಾನೇ ಹಾಕುತ್ತೇನೆ, ಅಲ್ಲಿ ಅವಕ್ಕೆ ಜಾಗ ಇದೆ. ಇಲ್ಲಿ ಇಲ್ಲ.

ಸಂಗೀತ ಬೇಡ. ರೆಗನ್ ಮೂಕಿಯಾಗಿಯೇ ಹುಟ್ಟಿದ ಚಿತ್ರ. 1941ರಲ್ಲಿ ಸಂಗೀತ ಸಂಯೋಜಕ ಹಾನ್ಸ್ ಐಸ್ಲರ್ ಅದಕ್ಕೆಂದು ಸಂಗೀತ ಬರೆದರು, ಮಳೆಯನ್ನು ಬಣ್ಣಿಸುವ 14 ಬಗೆ ಅಂತ. ಅಷ್ಟು ದುಡಿಯಲು ಸಿದ್ಧವಿದ್ದರೆ ಸಂಗೀತ ಮಾಡಿ, ಇಲ್ಲದಿದ್ದರೆ ಮೌನ ಬಿಡಿ. ಇಲ್ಲವೇ ಅಲ್ಲಿಯ ಸದ್ದನ್ನೇ ಬಳಸಿ. ಅದನ್ನು ಬೇರೆಯಾಗಿ ರೆಕಾರ್ಡ್ ಮಾಡಿಕೊಳ್ಳಬೇಕು. ಶೀಟಿನ ಮೇಲಿನ ಮಳೆ, ಹೆಂಚಿನ ಮೇಲಿನ ಮಳೆ, ಬಾಳೆ ಎಲೆಯ ಮೇಲಿನ ಮಳೆ ಮೂರೂ ಬೇರೆ. ರಾತ್ರಿ ಗದ್ದೆ ಕಪ್ಪೆ, ಮಳೆ ಬಿಟ್ಟಾಗ ಜೀರುಂಡೆ. ಫೋನಿಗೆ ಗಾಳಿ ತಾಗದಂತೆ ಒಂದು ಹಳೆಯ ಉಣ್ಣೆ ಟೋಪಿ ಸುತ್ತಿ.

ಫೈಲಿಗೆ ದಿನಾಂಕ, ಊರು, ಮಳೆ ನಕ್ಷತ್ರ, ಅಂದಿನ ಇಂಚು ಹಾಕಿ ಹೆಸರಿಡಿ. ಎರಡು ಕಡೆ ನಕಲು ಇರಲಿ. ಸ್ಟ್ಯಾಂಡಿನ ಕಾಲು ನಿಂತ ಜಾಗಕ್ಕೆ ಪೇಂಟಿನ ಗುರುತು ಹಾಕಿದರೆ ಬರುವ ವರ್ಷವೂ ಅದೇ ಫ್ರೇಮ್ ಸಿಗುತ್ತದೆ.

ಎಲ್ಲಿ ಹೋಗಬಾರದು

ಬೆಳಗಿನ ಮಂಜಿನಲ್ಲಿ ತೋಟದೊಳಗೆ ಒಬ್ಬರೇ ಹೋಗಬೇಡಿ. ಆನೆ ಹತ್ತು ಮಾರು ದೂರದಲ್ಲಿ ನಿಂತಿದ್ದರೂ ಕಾಣುವುದಿಲ್ಲ. ಹಿಂದಿನ ರಾತ್ರಿ ಆ ಕಡೆ ಆನೆ ಬಂದಿತ್ತೇ ಅಂತ ತೋಟದ ಕೆಲಸದವರನ್ನು ಕೇಳಿ, ಅವರು ಬೇಡ ಅಂದರೆ ಬೇಡ. ತೋಟ ಯಾರದ್ದೋ ಅವರ ಒಪ್ಪಿಗೆ ತೆಗೆದುಕೊಳ್ಳಿ. ಕಾಡಿನೊಳಗೆ ಚಿತ್ರೀಕರಣಕ್ಕೆ ಅರಣ್ಯ ಇಲಾಖೆಯ ಅನುಮತಿ ಬೇಕು. ಪುಷ್ಪಗಿರಿ, ಬ್ರಹ್ಮಗಿರಿ, ತಲಕಾವೇರಿ ಇವು ವನ್ಯಧಾಮಗಳು, ಅಲ್ಲಿ ಡ್ರೋನು ಹಾರಿಸುವ ಯೋಚನೆಯೇ ಬೇಡ. ದೇವರಕಾಡಿಗೆ ಹೋಗುವುದಿದ್ದರೆ ಅದರ ಹೊಣೆ ಹೊತ್ತ ದೇವತಕ್ಕರನ್ನು ಕೇಳಿ. ಕೆಲವು ಕಾಡಿಗೆ ಹೊರಗಿನವರು ಕಾಲಿಡುವಂತಿಲ್ಲ, ಆ ಮಾತನ್ನು ಗೌರವಿಸಿ. ಜಿಗಣೆಗೆ ಉಪ್ಪು, ಹೊಗೆಸೊಪ್ಪು ಜೊತೆಗಿರಲಿ.

2018ರ ಆಗಸ್ಟ್‌ನ ಭೂಕುಸಿತ ಕಂಡವರಿಗೆ ಮುಂದಿನದ್ದನ್ನು ಹೇಳಬೇಕಾಗಿಲ್ಲ, ಆದರೂ ಹೇಳುತ್ತೇನೆ. ನೆಲದಲ್ಲಿ ಬಿರುಕು ಕಂಡರೆ, ತೋಡಿನ ನೀರು ಇದ್ದಕ್ಕಿದ್ದಂತೆ ಕೆಂಪಾದರೆ, ಮರಗಳು ವಾಲಿದ್ದರೆ ಅಲ್ಲಿ ಒಂದು ಕ್ಷಣವೂ ನಿಲ್ಲಬೇಡಿ. ಇನ್ನೊಂದು. ಬರೆ (ಗುಡ್ಡದ ಇಳಿಜಾರು) ಜಾರಿ ಮನೆ ಕಳೆದುಕೊಂಡವರ ಜಾಗವನ್ನು ಸುಂದರ ದೃಶ್ಯ ಅಂತ ತೆಗೆಯಬೇಡಿ. ಅಲ್ಲಿಯವರು ತಾವೇ ಕರೆದು ತೋರಿಸಿದರೆ ಅದು ಬೇರೆ ವಿಷಯ.

ತೋರಿಸುವುದು

ಮುಗಿದ ಚಿತ್ರವನ್ನು ತಕ್ಷಣ ಸ್ಟೇಟಸ್ಸಿಗೆ ಹಾಕಬೇಡಿ. ಅಲ್ಲಿ ಯಾರೂ 50 ಸೆಕೆಂಡು ಒಂದು ಹೆಂಚನ್ನು ನೋಡುವುದಿಲ್ಲ. ಊರಿನ ಸಂಘದ ಕೋಣೆಯಲ್ಲೋ ಶಾಲೆಯಲ್ಲೋ ಸಂಜೆ ಹೊತ್ತು ಒಂದು ಪ್ರೊಜೆಕ್ಟರ್, ಒಂದು ಬಿಳಿ ಪಂಚೆ. ಮೊದಲು ರೆಗನ್ ತೋರಿಸಿ, ಆಮೇಲೆ ನಿಮ್ಮದು. ಮುಂಚೆ ಭಾಷಣ ಬೇಡ. ಮುಗಿದ ಮೇಲೆ ಚೆನ್ನಾಗಿತ್ತಾ ಅಂತ ಕೇಳಬೇಡಿ, ಏನು ಕಂಡಿತು ಅಂತ ಕೇಳಿ. ಗದ್ದೆ ಕೆಲಸ ಮಾಡುವ ಹೆಂಗಸರು, ಮಾಡಿಗೆ ಹೆಂಚು ಹೊದಿಸುವವರು, ಮಳೆ ಅಳೆಯುವ ತೋಟದ ರೈಟರು (ಲೆಕ್ಕ ಬರೆಯುವವರು) ಇವರನ್ನು ಮುಂದೆ ಕೂರಿಸಿ. ಎಷ್ಟೋ ಸಲ ನೀವು ತೆಗೆದ ಶಾಟಿನಲ್ಲಿ ನಿಮಗೇ ಕಾಣದ್ದನ್ನು ಅವರು ಹೇಳುತ್ತಾರೆ. ಎಡಗಡೆಯ ಹೆಂಚು ಒಡೆದಿದೆ, ನೀರು ಒಳಗೆ ಹೋಗುತ್ತಿದೆ ಅನ್ನಬಹುದು. ಈ ಮಳೆ ಪುನರ್ವಸುವಿನದ್ದಲ್ಲ ಅನ್ನಬಹುದು. ಎಲ್ಲವನ್ನೂ ಬರೆದುಕೊಳ್ಳಿ. ಕೊನೆಯ ಎಡಿಟಿಂಗಿಗೆ ಕೂರುವಾಗ ಆ ಚೀಟಿ ಪಕ್ಕದಲ್ಲಿರಲಿ.